ಪಿಕಾಸಾ ಹೋಯ್ತು, ಫೋಟೊ ಹೋಗಬಾರದು!

ಕುಬಸ, ತೊಟ್ಟಿಲು, ಮದುವೆ, ವಾಸ್ತುಶಾಂತಿ... ಮನೆಯಲ್ಲಿ ಏನೇ ನಡೆದರೂ ನಾಲ್ಕಾರು ಫೋಟೊ ಕೂಡಿಸಿ ಒಂದು ಚೆಂದದ ಕೊಲಾಜ್ ಮಾಡಿ ಗೋಡೆಗೆ ಹಾಕುವ ಆಸೆ ಯಾರಿಗಿಲ್ಲ? ಆದರೆ ಆ ಕೆಲಸಕ್ಕೆ ಬಳಸುತ್ತಿದ್ದ ಹಳೇ ಸಾಫ್ಟ್‌ವೇರ್ ನಿಂತುಹೋಗಿ ವರ್ಷಗಳೇ ಆದವು. ಈಗ ಅದನ್ನು ಹುಡುಕಿಕೊಂಡು ಹೋಗುವುದೇ ಅಪಾಯ. ಹಾಗಾದರೆ ಏನು ಮಾಡಬೇಕು?

‘ವೈನಿ, ಅತ್ತಿಯವರ ವರ್ಷಾಂತಕ್ಕ ಒಂದು ದೊಡ್ಡ ಫೋಟೊ ಮಾಡಸೂಣ್ರಿ. ಒಂದ ಫೋಟೊ ಬ್ಯಾಡ, ಎಲ್ಲಾ ಕೂಡಿಸಿ ಮಾಡ್ರಿ. ನಿಮಗ ಬರ್ತೈತಲ್ಲ...’

ಟಿಕೋಟಾದಿಂದ ನನ್ನ ನೆಗೆಣ್ಣಿ ಫೋನ್ ಮಾಡಿ ಹೀಗೆ ಹೇಳಿದಾಗ ನಾನು ಒಂದು ಕ್ಷಣವೂ ಯೋಚಿಸದೆ ‘ಆಯ್ತು’ ಅಂದುಬಿಟ್ಟೆ. ಯಾಕೆ ಬರುವುದಿಲ್ಲ? ಮಕ್ಕಳ ಹುಟ್ಟುಹಬ್ಬ, ನಾದಿನಿಯ ಮದುವೆ, ಸಂಕ್ರಾಂತಿಯ ಸಿದ್ಧೇಶ್ವರ ಜಾತ್ರೆ ಎಲ್ಲದಕ್ಕೂ ಪಿಕಾಸಾದಲ್ಲಿ ಎಷ್ಟು ಕೊಲಾಜ್ ಮಾಡಿದ್ದೆನೋ ಲೆಕ್ಕವಿಲ್ಲ. ಫೋಟೊ ಆರಿಸು, ಕೊಲಾಜ್ ಒತ್ತು, ಮುಗಿಯಿತು. ಹಳೇ ಸೀರೆಯ ತುಣುಕು ಕೂಡಿಸಿ ನಮ್ಮ ಅತ್ತೆಯವರು ಕೌದಿ ಹೊಲಿಯುತ್ತಿದ್ದರಲ್ಲ, ನನ್ನದು ಫೋಟೊದ ಕೌದಿ!

ಆದರೆ ಈ ಸಲ ಮನೆಯಲ್ಲಿ ಇದ್ದದ್ದು ಹೊಸ ಲ್ಯಾಪ್‌ಟಾಪ್. ಅದರಲ್ಲಿ ಪಿಕಾಸಾ ಇರಲಿಲ್ಲ. ಸರಿ, ಇಂಟರ್‌ನೆಟ್‌ನಲ್ಲಿ ‘ಪಿಕಾಸಾ ಹೊಸ ಆವೃತ್ತಿ, ಉಚಿತ’ ಎಂದು ಹುಡುಕಿದೆ. ಮೇಲೇ ಕಂಡ ಒಂದು ತಾಣ ತೆರೆದೆ. ದೊಡ್ಡ ಹಸಿರು ಗುಂಡಿ ಕಾಣಿಸಿತು, ಒತ್ತಿದೆ. ಏನೋ ಇಳಿಯಿತು. ನೆಕ್ಸ್ಟ್, ನೆಕ್ಸ್ಟ್ ಎಂದು ಒತ್ತುತ್ತಾ ಹೋದೆ. ಪಿಕಾಸಾ ಬರಲಿಲ್ಲ. ಬದಲಿಗೆ ತೆರೆಯ ತುಂಬ ಕೆಂಪು ಬಣ್ಣ, ಜೋರಾಗಿ ಬಡಿದುಕೊಳ್ಳುವ ಸದ್ದು, ‘ನಿಮ್ಮ ಕಂಪ್ಯೂಟರ್‌ಗೆ ವೈರಸ್ ಹೊಕ್ಕಿದೆ, ಕೂಡಲೇ ಈ ನಂಬರಿಗೆ ಫೋನ್ ಮಾಡಿ’ ಎಂಬ ಎಚ್ಚರಿಕೆ! ಅತ್ತೆಯವರ ಫೋಟೊ ಎಲ್ಲ ಹೋದವೇನೋ ಎಂದು ಕೈಕಾಲು ತಣ್ಣಗಾದವು. ಫೋನ್ ಕೈಗೆತ್ತಿಕೊಂಡೂ ಆಗಿತ್ತು. ಅಷ್ಟರಲ್ಲಿ ಕಾಲೇಜಿನಿಂದ ಬಂದ ಮಗ ‘ಅವ್ವಾ, ನಿಂದ್ರ! ಫೋನ್ ಮಾಡಬ್ಯಾಡ’ ಎಂದವನೇ ನೆಟ್ ಬಂದ್ ಮಾಡಿ ಲ್ಯಾಪ್‌ಟಾಪ್ ಆರಿಸಿದ. ಪುಣ್ಯಕ್ಕೆ ಫೋಟೊಗಳು ಉಳಿದವು.

ಆ ನಂಬರಿಗೆ ಫೋನ್ ಮಾಡಿದ್ದರೆ? ‘ಸರಿಮಾಡಿ ಕೊಡುತ್ತೇವೆ’ ಎಂದು ನಮ್ಮ ಕಂಪ್ಯೂಟರನ್ನೇ ಅವರ ಕೈಗೆ ತೆಗೆದುಕೊಂಡು, ದುಡ್ಡು ಕೇಳುವುದೋ, ಬ್ಯಾಂಕ್ ವಿವರ ಕದಿಯುವುದೋ ಇಂಥ ವಂಚಕರ ಹಳೇ ದಾರಿ. ನನಗಾದದ್ದು ನಿಮಗೆ ಆಗಬಾರದು ಎಂದೇ ಈ ಬರಹ.

ಪಿಕಾಸಾಕ್ಕೆ ಏನಾಯ್ತು?

2002ರಲ್ಲಿ ಲೈಫ್‌ಸ್ಕೇಪ್ ಎಂಬ ಕಂಪನಿ ಪಿಕಾಸಾ ಶುರುಮಾಡಿತು. 2004ರ ಜುಲೈನಲ್ಲಿ ಗೂಗಲ್ ಅದನ್ನು ಕೊಂಡು ಎಲ್ಲರಿಗೂ ಉಚಿತವಾಗಿ ಕೊಟ್ಟಿತು. ಚಿತ್ರಕಾರ ಪಿಕಾಸೊನ ಹೆಸರಿಗೆ ಸ್ಪ್ಯಾನಿಷ್ ಭಾಷೆಯಲ್ಲಿ ಮನೆ ಎಂಬ ಅರ್ಥದ ‘ಕಾಸಾ’ ಸೇರಿ ಆದ ಹೆಸರಂತೆ ಅದು. ಹೆಸರಿಗೆ ತಕ್ಕಂತೆ ಮನೆಮನೆಯ ಚಿತ್ರಶಾಲೆಯೇ ಆಗಿತ್ತು. 2015ರ ಮೇ ತಿಂಗಳಲ್ಲಿ ಗೂಗಲ್ ಫೋಟೋಸ್ ಬಂತು. ಮುಂದಿನ ವರ್ಷ, 2016ರ ಮಾರ್ಚ್ 15ಕ್ಕೆ ಕಂಪ್ಯೂಟರಿನ ಪಿಕಾಸಾಕ್ಕೆ ಗೂಗಲ್ ಬೆಂಬಲ ನಿಲ್ಲಿಸಿತು.

ಇದರಿಂದ ಎರಡು ಮಾತು ತಿಳಿಯುತ್ತದೆ. ಒಂದು, ನಿಮ್ಮ ಹಳೇ ಕಂಪ್ಯೂಟರಿನಲ್ಲಿ ಪಿಕಾಸಾ ಈಗಲೂ ತೆರೆದುಕೊಂಡರೆ ಗಾಬರಿ ಬೇಡ, ಅದು ತಾನಾಗಿ ಅಳಿಸಿಹೋಗುವುದಿಲ್ಲ. ಎರಡು, 2016ರ ನಂತರ ಗೂಗಲ್ ಪಿಕಾಸಾದ ಹೊಸ ಆವೃತ್ತಿ ತಂದೇ ಇಲ್ಲ. 3.9 ಎಂಬುದೇ ಕೊನೆಯದು. ಹಾಗಾಗಿ ‘ಪಿಕಾಸಾ ಹೊಸದು’, ‘ಪಿಕಾಸಾ ಪ್ರೊ’ ಎಂದು ಯಾರಾದರೂ ಕೊಟ್ಟರೆ ಅದು ಸುಳ್ಳು ಎಂದೇ ತಿಳಿಯಿರಿ. ಇಷ್ಟು ಗೊತ್ತಿದ್ದರೆ ನಾನು ಆ ಹಸಿರು ಗುಂಡಿ ಒತ್ತುತ್ತಲೇ ಇರಲಿಲ್ಲ.

ಮೊದಲು ಹಳೇ ಫೋಟೊ ಉಳಿಸಿಕೊಳ್ಳಿ

ಲ್ಯಾಪ್‌ಟಾಪ್ ಸರಿಯಾದ ಮೇಲೆ ಇನ್ನೊಂದು ಆಶ್ಚರ್ಯ ಕಾದಿತ್ತು. ದ್ರಾಕ್ಷಿ ತೋಟದಲ್ಲಿ ಎಳ್ಳ ಅಮಾವಾಸ್ಯೆಯ ದಿನ ಚರಗ ಚೆಲ್ಲುತ್ತಿದ್ದ ಅತ್ತೆಯವರ ಫೋಟೊ ಒಂದಿದೆ. ಬಿಸಿಲಿಗೆ ಮುಖ ಕಪ್ಪಾಗಿ ಬಂದಿತ್ತು. ಹಿಂದೆ ಪಿಕಾಸಾದಲ್ಲಿ ಅದನ್ನು ತಿದ್ದಿ, ಬೆಳಕು ಹೆಚ್ಚಿಸಿ, ನಗು ಕಾಣುವಂತೆ ಮಾಡಿದ್ದೆ. ಹೊಸ ಲ್ಯಾಪ್‌ಟಾಪ್‌ನಲ್ಲಿ ನೋಡಿದರೆ ಮುಖ ಮತ್ತೆ ಕಪ್ಪು! ನಾನು ಪಟ್ಟ ಶ್ರಮವೆಲ್ಲ ಎಲ್ಲಿ ಹೋಯಿತು?

ಕಾರಣ ಸರಳ. ನಾವು ತಿದ್ದಿದಾಗ ಪಿಕಾಸಾ ಮೂಲ ಫೋಟೊವನ್ನು ಮುಟ್ಟುವುದಿಲ್ಲ. ಏನೇನು ತಿದ್ದಿದ್ದೀರಿ ಎಂದು ಅದೇ ಫೋಲ್ಡರಿನಲ್ಲಿ ಅಡಗಿರುವ ಒಂದು ಚಿಕ್ಕ ಫೈಲಿನಲ್ಲಿ ಬರೆದಿಟ್ಟುಕೊಳ್ಳುತ್ತದೆ. ಆ ಬರಹ ಓದಲು ಪಿಕಾಸಾಕ್ಕೆ ಮಾತ್ರ ಬರುತ್ತದೆ. ಬೇರೆ ಸಾಫ್ಟ್‌ವೇರಿನಲ್ಲಿ ತೆರೆದರೆ ಮೂಲ ಫೋಟೊ ಮಾತ್ರ ಕಾಣುತ್ತದೆ. ಆದ್ದರಿಂದ ಹಳೇ ಕಂಪ್ಯೂಟರ್ ಗುಜರಿಗೆ ಹಾಕುವ ಮೊದಲು ಈ ಕೆಲಸ ತಪ್ಪದೆ ಮಾಡಿ.

* ಹಳೇ ಕಂಪ್ಯೂಟರಿನ ನೆಟ್ ಸಂಪರ್ಕ ತೆಗೆಯಿರಿ. ವಿಂಡೋಸ್ 7ಕ್ಕೆ 2020ರ ಜನವರಿ 14ಕ್ಕೆ, ವಿಂಡೋಸ್ 10ಕ್ಕೆ 2025ರ ಅಕ್ಟೋಬರ್ 14ಕ್ಕೆ ಮೈಕ್ರೋಸಾಫ್ಟ್‌ನ ಸಾಮಾನ್ಯ ಬೆಂಬಲ ಮುಗಿದಿದೆ. ಇಂಥ ಯಂತ್ರ ನೆಟ್ ಇಲ್ಲದೆ ಇದ್ದರೇ ಕ್ಷೇಮ.

* ಪಿಕಾಸಾ ತೆರೆದು, ತಿದ್ದಿದ ಫೋಟೊಗಳನ್ನು ಆರಿಸಿ, ‘ಎಕ್ಸ್‌ಪೋರ್ಟ್’ ಒತ್ತಿ. ಅಳತೆ ಕೇಳಿದಾಗ ಮೂಲ ಅಳತೆಯನ್ನೇ ಆರಿಸಿ. ತಿದ್ದಿದ ರೂಪದ ಪ್ರತಿಗಳು ಬೇರೆ ಫೋಲ್ಡರಿನಲ್ಲಿ ಕೂಡುತ್ತವೆ.

* ಹಿಂದೆ ಮಾಡಿದ ಕೊಲಾಜ್‌ಗಳು ‘ಪಿಕ್ಚರ್ಸ್’ ಒಳಗಿನ ‘ಪಿಕಾಸಾ’ ಫೋಲ್ಡರಿನಲ್ಲಿ, ‘ಕೊಲಾಜಸ್’ ಎಂಬ ಹೆಸರಿನಲ್ಲಿ ಇರುತ್ತವೆ. ಅದನ್ನೂ ನಕಲು ಮಾಡಿಕೊಳ್ಳಿ.

* ಎಲ್ಲವನ್ನೂ ಎರಡು ಕಡೆ ಇಡಿ. ಒಂದು ಪೆನ್‌ಡ್ರೈವ್ ಅಥವಾ ಹಾರ್ಡ್‌ಡಿಸ್ಕ್ ಬಂಗಾರದ ಜತೆ ತಿಜೋರಿಯಲ್ಲಿ, ಇನ್ನೊಂದು ತವರುಮನೆಯಲ್ಲೋ ತಂಗಿಯ ಮನೆಯಲ್ಲೋ ಇರಲಿ. ಒಂದೇ ಬುಟ್ಟಿಯಲ್ಲಿ ಎಲ್ಲ ರೊಟ್ಟಿ ಇಟ್ಟರೆ ಇಲಿ ಬಂದ ದಿನ ಉಪವಾಸವೇ!

* ಮದುವೆಯ ಹಳೇ ಸಿಡಿ ಇದ್ದರೆ ಈಗಲೇ ನಕಲು ಮಾಡಿಸಿ. ಸಿಡಿ ವರ್ಷ ಕಳೆದಂತೆ ಹಾಳಾಗುತ್ತದೆ, ಅದನ್ನು ಓದುವ ಡ್ರೈವ್ ಹೊಸ ಲ್ಯಾಪ್‌ಟಾಪ್‌ಗಳಲ್ಲಿ ಸಿಗುವುದೂ ಅಪರೂಪ.

ರಿಪೇರಿ ಅಂಗಡಿಗೆ ಕೊಡುವಾಗಲೂ ಜೋಕೆ. ‘ಫಾರ್ಮ್ಯಾಟ್ ಹೊಡೀತೀನ್ರಿ ಅಕ್ಕಾರ’ ಎಂದರೆ ಒಳಗಿದ್ದದ್ದೆಲ್ಲ ಅಳಿಸುತ್ತೇನೆ ಎಂದೇ ಅರ್ಥ. ಫೋಟೊ ತೆಗೆದುಕೊಂಡ ಮೇಲಷ್ಟೇ ಹೂಂ ಅನ್ನಿ.

ಪಿಕಾಸಾದ ಜಾಗಕ್ಕೆ ಯಾವುದು?

ಒಂದೇ ಸಾಫ್ಟ್‌ವೇರ್ ಪಿಕಾಸಾದ ಎಲ್ಲ ಕೆಲಸ ಮಾಡಬೇಕು ಎಂದು ಹಟ ಹಿಡಿಯಬೇಡಿ. ನಿಮ್ಮ ಅಗತ್ಯ ನೋಡಿ ಆರಿಸಿ.

ಫೋನಿನಲ್ಲೇ ಇರುವ ಗ್ಯಾಲರಿ: ಬಹಳ ಮಂದಿಗೆ ಇದೇ ಸಾಕು. ಸ್ಯಾಮ್‌ಸಂಗ್ ಫೋನಿನ ಗ್ಯಾಲರಿಯಲ್ಲಿ ಫೋಟೊಗಳನ್ನು ಒತ್ತಿಹಿಡಿದು ಆರಿಸಿ, ‘ಕ್ರಿಯೇಟ್’ ಎಂಬಲ್ಲಿ ಹೋದರೆ ಕೊಲಾಜ್ ಸಿಗುತ್ತದೆ. ಇನ್ನೂ ಕೆಲವು ಕಂಪನಿಯ ಫೋನ್‌ಗಳ ಗ್ಯಾಲರಿಯಲ್ಲೂ ಈ ಅನುಕೂಲವಿದೆ. ಹೊಸದೇನನ್ನೂ ಇಳಿಸಿಕೊಳ್ಳಬೇಕಾಗಿಲ್ಲ, ಇದೇ ದೊಡ್ಡ ಲಾಭ. ಹೊಸ ಆ್ಯಪ್ ಹುಡುಕುವ ಮೊದಲು ಒಮ್ಮೆ ಇಲ್ಲಿ ಇಣುಕಿ ನೋಡಿ.

ಗೂಗಲ್ ಫೋಟೋಸ್: ಪಿಕಾಸಾದ ತಂಗಿ ಇದ್ದಂತೆ. ಆ್ಯಂಡ್ರಾಯ್ಡ್ ಫೋನಿನಲ್ಲಿ ಸಾಮಾನ್ಯವಾಗಿ ಮೊದಲೇ ಇರುತ್ತದೆ. ಕೆಲವೇ ಫೋಟೊಗಳ ಸಣ್ಣ ಕೊಲಾಜ್‌ಗೆ ಒಳ್ಳೆಯದು, ಇಪ್ಪತ್ತು ಮೂವತ್ತು ಕೂಡಿಸಲು ಆಗದು. 2021ರ ಜೂನ್ 1ರಿಂದ ಇಲ್ಲಿ ಜಾಗಕ್ಕೆ ಮಿತಿ ಬಂದಿದೆ. ಉಚಿತವಾಗಿ ಸಿಗುವ 15 ಜಿಬಿಯನ್ನು ಫೋಟೊ, ಜಿಮೇಲ್, ಡ್ರೈವ್ ಮೂರೂ ಹಂಚಿಕೊಳ್ಳುತ್ತವೆ. ಇನ್ನೊಂದು ಮುಖ್ಯ ಮಾತು: ಬ್ಯಾಕಪ್ ಆದ ಫೋಟೊವನ್ನು ಈ ಆ್ಯಪ್‌ನಲ್ಲಿ ಅಳಿಸಿದರೆ ಫೋನಿನಿಂದಲೂ ಹೋಗುತ್ತದೆ. ‘ಜಾಗ ಖಾಲಿ ಮಾಡೂಣು’ ಎಂದು ಕೈಹಾಕುವ ಮೊದಲು ಇದು ನೆನಪಿರಲಿ.

ಫೋಟೋಸ್ಕೇಪ್ ಎಕ್ಸ್: ಕಂಪ್ಯೂಟರಿನಲ್ಲೇ ಕೊಲಾಜ್ ಮಾಡಬೇಕು ಎನ್ನುವವರಿಗೆ ಪಿಕಾಸಾಕ್ಕೆ ಹತ್ತಿರದ್ದು ಇದೇ. ವಿಂಡೋಸ್ 10 ಅಥವಾ 11 ಇದ್ದರೆ ಮೈಕ್ರೋಸಾಫ್ಟ್ ಸ್ಟೋರ್‌ನಿಂದಲೇ ಉಚಿತವಾಗಿ ಪಡೆಯಬಹುದು. ‘ಕೊಲಾಜ್’ ಎಂಬ ಭಾಗದಲ್ಲಿ ಬೇಕಾದ ಚೌಕಟ್ಟು ಆರಿಸಿ ಫೋಟೊ ಎಳೆದು ಹಾಕಿದರಾಯ್ತು. ದುಡ್ಡು ಕೇಳುವ ಪ್ರೊ ಸೌಲಭ್ಯಗಳೂ ಇವೆ, ಮನೆಯ ಕೆಲಸಕ್ಕೆ ಅವು ಬೇಕಿಲ್ಲ.

ಲಿಬ್ರೆಆಫೀಸ್ ಡ್ರಾ: ಇದು ಕೊಲಾಜ್‌ಗೆಂದೇ ಇರುವುದಲ್ಲ. ಆದರೂ ನನ್ನ ಮೆಚ್ಚಿನದು. ಪೂರ್ತಿ ಉಚಿತ, ನೆಟ್ ಇಲ್ಲದೆಯೇ ನಡೆಯುತ್ತದೆ, ಫೋಟೊ ಎಲ್ಲಿಗೂ ಹೋಗುವುದಿಲ್ಲ. ಪುಟದ ಅಳತೆ 12 ಇಂಚು ಅಗಲ, 18 ಇಂಚು ಎತ್ತರ ಎಂದು ಕೊಟ್ಟು, ಫೋಟೊಗಳನ್ನು ಸೇರಿಸಿ, ಬೇಕಾದಂತೆ ಜರುಗಿಸಿ, ಕತ್ತರಿಸಿ. ಕೆಳಗೆ ಕನ್ನಡದಲ್ಲೇ ಹೆಸರು, ತಾರೀಖು ಬರೆಯಬಹುದು. ಕೊನೆಗೆ ಜೆಪೆಗ್ ಆಗಿ ‘ಎಕ್ಸ್‌ಪೋರ್ಟ್’ ಮಾಡುವಾಗ ರೆಸಲ್ಯೂಶನ್ 300 ಎಂದು ಕೊಡಿ. ಅತ್ತೆಯವರ ಕೊಲಾಜ್ ಕೊನೆಗೂ ಮಾಡಿದ್ದು ಇದರಲ್ಲೇ.

ಕ್ಯಾನ್ವಾ: ಹೂಬಳ್ಳಿ, ಚೌಕಟ್ಟು, ಬಣ್ಣ ಬಣ್ಣದ ಮಾದರಿಗಳು ಬೇಕೆಂದರೆ ಇದು ಸುಲಭ. ಆದರೆ ನಿಮ್ಮ ಫೋಟೊ ಅವರ ಸರ್ವರಿಗೆ ಹೋಗುತ್ತದೆ ಎಂಬುದು ಗೊತ್ತಿರಲಿ. 2019ರ ಮೇ ತಿಂಗಳಲ್ಲಿ ಇದರ ಸುಮಾರು 13.7 ಕೋಟಿ ಖಾತೆಗಳ ಮಾಹಿತಿ ಸೋರಿತ್ತು. ದೊಡ್ಡ ಕಂಪನಿಗೂ ಹೀಗಾಗುತ್ತದೆ ಎಂದ ಮೇಲೆ, ಬ್ಯಾಂಕಿಗೆ ಇಟ್ಟ ಪಾಸ್‌ವರ್ಡನ್ನೇ ಇಂಥ ಕಡೆ ಇಡುವುದು ಬೇಡವೇ ಬೇಡ. ಆಮಂತ್ರಣ ಪತ್ರಿಕೆ, ಶುಭಾಶಯಕ್ಕೆ ಬಳಸಿ. ಮನೆಯೊಳಗಿನ ಖಾಸಗಿ ಫೋಟೊಗಳಿಗೆ ಬೇಡ.

ಡಿಜಿಕ್ಯಾಮ್: ಸಾವಿರಾರು ಫೋಟೊ ಇದ್ದು, ಪಿಕಾಸಾದಂತೆ ಮುಖ ನೋಡಿ, ತಾರೀಖು ನೋಡಿ ವಿಂಗಡಿಸಿ ಇಡಬೇಕು ಎನ್ನುವವರಿಗೆ ಇದು. ಉಚಿತ. ಕಲಿಯಲು ಸ್ವಲ್ಪ ತಾಳ್ಮೆ ಬೇಕು, ಮಕ್ಕಳನ್ನು ಪಕ್ಕಕ್ಕೆ ಕೂಡಿಸಿಕೊಳ್ಳಿ!

ಆ್ಯಪ್ ಇಳಿಸುವ ಮುನ್ನ...

‘ಪ್ಲೇ ಸ್ಟೋರ್‌ನಾಗ ಐತಿ ಅಂದ ಮ್ಯಾಲ ಛಲೋನ ಇರ್ತೈತಿ’ ಎಂದು ನಮ್ಮಲ್ಲಿ ಬಹಳ ಮಂದಿ ನಂಬಿದ್ದಾರೆ. ಅದು ಪೂರ್ತಿ ನಿಜವಲ್ಲ. 2019ರ ಜನವರಿಯಲ್ಲಿ ಟ್ರೆಂಡ್ ಮೈಕ್ರೋ ಎಂಬ ಭದ್ರತಾ ಸಂಸ್ಥೆ ಪ್ಲೇ ಸ್ಟೋರ್‌ನಲ್ಲಿದ್ದ 29 ಕೆಟ್ಟ ಬ್ಯೂಟಿ ಕ್ಯಾಮೆರಾ, ಫೋಟೊ ಫಿಲ್ಟರ್ ಆ್ಯಪ್‌ಗಳನ್ನು ಪತ್ತೆಮಾಡಿತ್ತು. ಅಶ್ಲೀಲ ಜಾಹೀರಾತು ತೋರಿಸುವುದಷ್ಟೇ ಅಲ್ಲ, ಅವುಗಳಲ್ಲಿ ಕೆಲವು ‘ಚೆಂದ ಮಾಡಿಕೊಡುತ್ತೇವೆ’ ಎಂದು ಬಳಕೆದಾರರ ಫೋಟೊವನ್ನೇ ತಮ್ಮ ಸರ್ವರಿಗೆ ಕಳುಹಿಸಿಕೊಳ್ಳುತ್ತಿದ್ದವು. ಅವನ್ನು ಇಳಿಸಿಕೊಂಡವರಲ್ಲಿ ಭಾರತದವರೂ ಬಹಳ ಇದ್ದರು. ಗೂಗಲ್ ಆಮೇಲೆ ಅವನ್ನು ತೆಗೆದುಹಾಕಿತು.

2022ರ ಅಕ್ಟೋಬರ್‌ನಲ್ಲಿ ಫೇಸ್‌ಬುಕ್‌ನ ಒಡೆಯ ಮೆಟಾ ಕಂಪನಿ, ಪಾಸ್‌ವರ್ಡ್ ಕದಿಯುವ 400ಕ್ಕೂ ಹೆಚ್ಚು ಆ್ಯಪ್‌ಗಳ ಬಗ್ಗೆ ಎಚ್ಚರಿಸಿತು. ಅವುಗಳಲ್ಲಿ ಶೇ 42.6ರಷ್ಟು ಯಾವುವು ಗೊತ್ತೇ? ಫೋಟೊ ತಿದ್ದುವ ಆ್ಯಪ್‌ಗಳೇ! ‘ಫೇಸ್‌ಬುಕ್ ಮೂಲಕ ಲಾಗಿನ್ ಆಗಿ’ ಎನ್ನುವುದು, ನಾವು ಪಾಸ್‌ವರ್ಡ್ ಹಾಕಿದ ಕೂಡಲೇ ಅದನ್ನು ಕದಿಯುವುದು. ಇದೇ ಅವುಗಳ ಕೆಲಸ. ಇನ್ನು 2020ರ ಜೂನ್ 29ರಂದು ಭಾರತ ಸರ್ಕಾರ ನಿಷೇಧಿಸಿದ 59 ಆ್ಯಪ್‌ಗಳಲ್ಲಿ ಬ್ಯೂಟಿ ಪ್ಲಸ್, ಮೀಟು, ಸೆಲ್ಫಿ ಸಿಟಿ, ಸ್ವೀಟ್ ಸೆಲ್ಫಿ, ವಂಡರ್ ಕ್ಯಾಮೆರಾ ಮುಂತಾದ ಫೋಟೊ ಆ್ಯಪ್‌ಗಳೂ ಇದ್ದವು. ಹಳೇ ಫೋನಿನಲ್ಲಿ ಅವು ಇನ್ನೂ ಉಳಿದಿದ್ದರೆ ತೆಗೆದುಬಿಡಿ.

ಹಾಗಾದರೆ ಪರೀಕ್ಷೆ ಹೇಗೆ? ಸಂತೆಯಲ್ಲಿ ಬದನೆಕಾಯಿ ಹುಳುಕಿದೆಯೇ ಎಂದು ತಿರುಗಿಸಿ ನೋಡುತ್ತೇವಲ್ಲ, ಹಾಗೇ.

* ಏನು ಕೇಳುತ್ತದೆ ನೋಡಿ. ಕೊಲಾಜ್ ಮಾಡುವ ಆ್ಯಪ್‌ಗೆ ಫೋಟೊ ಬೇಕು, ಸರಿ. ನಿಮ್ಮ ಎಸ್‌ಎಂಎಸ್, ಫೋನ್ ನಂಬರುಗಳ ಪಟ್ಟಿ, ಕರೆಗಳ ವಿವರ ಅದಕ್ಕೇಕೆ? ಕೇಳಿದರೆ ಅಲ್ಲಿಗೇ ಬಿಟ್ಟುಬಿಡಿ.

* ಎಲ್ಲ ಫೋಟೊ ತೋರಿಸಬೇಕಿಲ್ಲ. ಐಫೋನಿನಲ್ಲಿ 2020ರಿಂದ, ಆ್ಯಂಡ್ರಾಯ್ಡ್ 14 ಮತ್ತು ನಂತರದ ಫೋನ್‌ಗಳಲ್ಲಿ, ಆರಿಸಿದ ಫೋಟೊಗಳಿಗೆ ಮಾತ್ರ ಅನುಮತಿ ಕೊಡುವ ಅವಕಾಶವಿದೆ. ಅದನ್ನೇ ಒತ್ತಿ.

* ಫೇಸ್‌ಬುಕ್ ಲಾಗಿನ್ ಕೇಳಿದರೆ ಕೊಡಬೇಡಿ. ನಾಲ್ಕು ಫೋಟೊ ಅಂಟಿಸಲು ಅದರ ಅಗತ್ಯವೇ ಇಲ್ಲ.

* ಕಡಿಮೆ ಅಂಕ ಕೊಟ್ಟವರ ಮಾತು ಮೊದಲು ಓದಿ. ‘ಚೆನ್ನಾಗಿದೆ’ ಎನ್ನುವವರಿಗಿಂತ ಬೈದವರ ಮಾತಿನಲ್ಲೇ ನಿಜ ಹೆಚ್ಚು.

* ವಾಟ್ಸ್‌ಆ್ಯಪ್‌ನಲ್ಲಿ ಬಂದ ‘ಎಪಿಕೆ’ ಫೈಲ್ ಮುಟ್ಟಲೇಬೇಡಿ. ಪರಿಚಯದವರ ನಂಬರಿನಿಂದ ಬಂದಿದ್ದರೂ ಸರಿ. ಮದುವೆ ಆಮಂತ್ರಣ ಎಂಬ ಹೆಸರಿನಲ್ಲಿ ಇಂಥ ಫೈಲ್ ಕಳುಹಿಸಿ ವಂಚಿಸುವ ಬಗ್ಗೆ 2024ರಲ್ಲಿ ಪೊಲೀಸರು ಎಚ್ಚರಿಸಿದ್ದರು. ನಿಜವಾದ ಪತ್ರಿಕೆ ಚಿತ್ರವಾಗಿಯೋ ಪಿಡಿಎಫ್ ಆಗಿಯೋ ಬರುತ್ತದೆ, ಆ್ಯಪ್ ಆಗಿ ಅಲ್ಲ.

* ಕಂಪ್ಯೂಟರಿಗೆ ಇಳಿಸುವುದಾದರೆ ಸಾಫ್ಟ್‌ವೇರ್ ಮಾಡಿದವರ ಸ್ವಂತ ತಾಣ ಅಥವಾ ಮೈಕ್ರೋಸಾಫ್ಟ್ ಸ್ಟೋರ್‌ನಿಂದ ಮಾತ್ರ. ಹುಡುಕಿದಾಗ ಮೇಲೆ ಕಾಣುವುದು ಜಾಹೀರಾತು ಇರಬಹುದು, ‘ಪ್ರಾಯೋಜಿತ’ ಎಂದಿದೆಯೇ ನೋಡಿ. ನೆಕ್ಸ್ಟ್ ಒತ್ತುವ ಮೊದಲು ಪ್ರತಿ ಪುಟ ಓದಿ, ಬೇಡದ ಗುರುತು ತೆಗೆಯಿರಿ.

ಸ್ಟುಡಿಯೋಕ್ಕೆ ಕೊಡುವಾಗ

ಕೊಲಾಜ್ ಮಾಡಿದ್ದಾಯ್ತು, ಇನ್ನು ಮುದ್ರಣ. ಟಿಕೋಟಾ, ಬಬಲೇಶ್ವರದ ಕಡೆಯ ಎಷ್ಟೋ ಮಂದಿ ಫ್ರೇಮ್ ಹಾಕಿಸಲು ವಿಜಯಪುರಕ್ಕೇ ಬರುತ್ತಾರೆ. ಬಸ್ಸಿನ ಖರ್ಚು ಎರಡು ಸಲ ಆಗಬಾರದೆಂದರೆ ಇಷ್ಟು ನೋಡಿಕೊಳ್ಳಿ.

ಸ್ಪಷ್ಟವಾಗಿ ಬರಬೇಕಾದರೆ ಪ್ರತಿ ಇಂಚಿಗೆ 300 ಚುಕ್ಕಿ ಬೇಕು. ಅಂದರೆ 8 ಇಂಚು ಅಗಲ 12 ಇಂಚು ಎತ್ತರದ ಚಿತ್ರಕ್ಕೆ 2400 ಮತ್ತು 3600 ಪಿಕ್ಸೆಲ್. 12 ಇಂಚು ಅಗಲ 18 ಇಂಚು ಎತ್ತರಕ್ಕೆ 3600 ಮತ್ತು 5400 ಪಿಕ್ಸೆಲ್. ಫ್ರೇಮ್ ಅಂಚನ್ನು ನುಂಗುತ್ತದೆ, ಸುತ್ತಲೂ ಅರ್ಧ ಇಂಚು ಖಾಲಿ ಬಿಡಿ. ಇಲ್ಲವಾದರೆ ಅಂಚಿಗೆ ನಿಂತ ಮಾವನವರ ಪಟಗಾ ಅರ್ಧವಾದೀತು!

ವಾಟ್ಸ್‌ಆ್ಯಪ್‌ನಲ್ಲಿ ಫೋಟೊ ಆಗಿ ಕಳುಹಿಸಿದರೆ ಅದು ಕುಗ್ಗುತ್ತದೆ, ಹಾಗಾಗಿ ‘ಡಾಕ್ಯುಮೆಂಟ್’ ಎಂದು ಆರಿಸಿ ಕಳುಹಿಸಿ. ಪೆನ್‌ಡ್ರೈವ್ ಒಯ್ಯುವುದಾದರೆ ಅದರಲ್ಲಿ ಆ ಒಂದು ಫೈಲ್ ಮಾತ್ರ ಇರಲಿ. ಮನೆಯ ಎಲ್ಲ ಫೋಟೊ ಇರುವ ಪೆನ್‌ಡ್ರೈವ್, ಅಥವಾ ಲಾಕ್ ತೆಗೆದ ಫೋನ್ ಯಾರ ಕೈಗೂ ಕೊಡಬೇಡಿ. ಮರಳಿ ತಂದ ಪೆನ್‌ಡ್ರೈವನ್ನು ತೆರೆಯುವ ಮೊದಲು ವೈರಸ್ ಪರೀಕ್ಷೆ ಮಾಡಿ.

ಒಂದು ವೇಳೆ ಹೆಚ್ಚುಕಡಿಮೆಯಾದರೆ

ದುಡ್ಡು ಹೋದರೆ ತಡಮಾಡದೆ 1930ಕ್ಕೆ ಕರೆ ಮಾಡಿ. ಎಷ್ಟು ಬೇಗ ತಿಳಿಸಿದರೆ ದುಡ್ಡು ತಡೆಹಿಡಿಯುವ ಸಾಧ್ಯತೆ ಅಷ್ಟು ಹೆಚ್ಚು. ಫೋಟೊ ಕದ್ದು, ತಿರುಚಿ, ಹೆದರಿಸಿದರೆ ಕೇಂದ್ರ ಗೃಹ ಸಚಿವಾಲಯದ ‘ಸೈಬರ್‌ಕ್ರೈಮ್ ಡಾಟ್ ಗವ್ ಡಾಟ್ ಇನ್’ ತಾಣದಲ್ಲಿ ದೂರು ಕೊಡಬಹುದು. ಮಹಿಳೆಯರು, ಮಕ್ಕಳ ಮೇಲಿನ ಇಂಥ ಅಪರಾಧಕ್ಕೆ ಹೆಸರು ಹೇಳದೆಯೂ ದೂರು ಕೊಡುವ ಅವಕಾಶ ಅಲ್ಲಿದೆ. ವಿಜಯಪುರದಲ್ಲಿ ಸೈಬರ್ ಅಪರಾಧ ನೋಡಿಕೊಳ್ಳುವ ಸಿಇಎನ್ ಪೊಲೀಸ್ ಠಾಣೆ ಇದೆ. ಬಂದ ಸಂದೇಶ, ನಂಬರು ಅಳಿಸಬೇಡಿ, ಅದೇ ಸಾಕ್ಷಿ. ಹೆದರಿಸಿದವನಿಗೆ ದುಡ್ಡು ಕೊಡಬೇಡಿ, ಒಮ್ಮೆ ಕೊಟ್ಟರೆ ಮತ್ತೆ ಮತ್ತೆ ಕೇಳುತ್ತಾನೆ.

ಎಲ್ಲಕ್ಕಿಂತ ಮುಖ್ಯವಾಗಿ, ಮನೆಯಲ್ಲಿ ಹೇಳಿ. ‘ಬೈತಾರ, ಫೋನ್ ಕಸ್ಕೊತಾರ’ ಎಂಬ ಹೆದರಿಕೆಯಿಂದ ಎಷ್ಟೋ ಹೆಣ್ಣುಮಕ್ಕಳು ಬಾಯಿ ಮುಚ್ಚಿಕೊಂಡಿರುತ್ತಾರೆ. ತಪ್ಪು ಕದ್ದವನದು, ನಿಮ್ಮದಲ್ಲ. ಮಗಳೋ ಸೊಸೆಯೋ ಹೀಗೆ ಹೇಳಿಕೊಂಡು ಬಂದರೆ ನೀವೂ ಮೊದಲು ಬೈಯಬೇಡಿ, ಹತ್ತಿರ ಕೂಡಿಸಿಕೊಂಡು ಕೇಳಿ.

ಅಂದಹಾಗೆ, ಅತ್ತೆಯವರ ಕೊಲಾಜ್ ವರ್ಷಾಂತಕ್ಕೆ ಎರಡು ದಿನ ಮೊದಲೇ ಸಿದ್ಧವಾಯಿತು. ಅಟ್ಟದ ಮೇಲಿದ್ದ ಹಳೇ ಕಂಪ್ಯೂಟರ್ ಇಳಿಸಿ, ಧೂಳು ಒರೆಸಿ, ಪಿಕಾಸಾ ತೆರೆದು ಆ ಚರಗದ ಫೋಟೊ ‘ಎಕ್ಸ್‌ಪೋರ್ಟ್’ ಮಾಡಿಕೊಂಡೆ. ನಟ್ಟನಡುವೆ ಅದನ್ನೇ ಇಟ್ಟೆ. ಟಿಕೋಟಾದ ಮನೆಯಲ್ಲಿ ಫ್ರೇಮ್ ಗೋಡೆಗೆ ಹಾಕಿದಾಗ ಮಾವನವರು ಬಹಳ ಹೊತ್ತು ನೋಡುತ್ತಾ ನಿಂತರು. ಆಮೇಲೆ ಒಂದೇ ಮಾತು ಅಂದರು, ‘ನಗಾಕತ್ತಾಳ ನೋಡವಾ...’

ನಿಮ್ಮ ಮನೆಯ ಹಳೇ ಕಂಪ್ಯೂಟರಿನಲ್ಲೂ ಇಂಥ ಒಂದು ನಗು ಅಡಗಿರಬಹುದು. ಈ ಭಾನುವಾರವೇ ತೆರೆದು ನೋಡುತ್ತೀರಲ್ಲ?